ಮೇಷ್ಟ್ರ ನಾಡಿ ಇಳಿಯುವ ಲೆಕ್ಕ

ಆ ದಿನದ ಅನಾಹುತಕ್ಕೆಲ್ಲ ಮೂಲ ಲಿಫ್ಟಿನ ಬಾಗಿಲಿಗೆ ಅಂಟಿಸಿದ್ದ ಒಂದು ಚೀಟಿ. ಬೆಳಿಗ್ಗೆ ಏಳು ಗಂಟೆಗೆ ಗಣಿತದ ಮೇಷ್ಟ್ರು ಹಾಲು ತರಲು ನಾಲ್ಕನೇ ಮಹಡಿಯಿಂದ ಕೆಳಗಿಳಿದಾಗ ಲಿಫ್ಟ್ ಚೆನ್ನಾಗಿಯೇ ಇತ್ತು. ಹತ್ತು ನಿಮಿಷ ಬಿಟ್ಟು ಪ್ಯಾಕೆಟ್ ಹಿಡಿದು ವಾಪಸ್ ಬಂದರೆ, ‘ಕೆಟ್ಟಿದೆ, ದಯವಿಟ್ಟು ಸಹಕರಿಸಿ’ ಎಂಬ ಚೀಟಿ ಅವರಿಗಾಗಿಯೇ ಕಾಯುತ್ತಿತ್ತು. ಮೇಷ್ಟ್ರಿಗೆ ಐವತ್ತೊಂದು ವರ್ಷ. ತೂಕ ಕೇಳಿದವರಿಗೆ ಅವರು ಯಾವಾಗಲೂ ಹತ್ತಿರದ ಹತ್ತಕ್ಕೆ ಸರಿಹೊಂದಿಸಿ ಹೇಳುತ್ತಿದ್ದರು, ಅದೂ ಕೆಳಗಿನ ಹತ್ತಕ್ಕೆ. ಬೇರೆ ದಾರಿಯಿಲ್ಲದೆ ಸಹಕರಿಸಿದರು.

ಮನೆಯ ಬಾಗಿಲು ತಲುಪುವಷ್ಟರಲ್ಲಿ ಮಾತು ಹೊರಡುತ್ತಿರಲಿಲ್ಲ. ಹೆಂಡತಿ ಬಾಗಿಲು ತೆಗೆದು, "ಹಾಲೆಲ್ಲಿ?" ಎಂದಳು. ಮೇಷ್ಟ್ರು ತಮ್ಮ ಬರಿಗೈ ನೋಡಿಕೊಂಡು, ಕೆಳಗೆ ತೋರಿಸಿ, ಎದೆ ತೋರಿಸಿ, ಮತ್ತೆ ಕೆಳಗೆ ತೋರಿಸಿದರು. ಮೂರನೇ ಮಹಡಿಯ ಮೆಟ್ಟಿಲ ಮೇಲೆ ಉಸಿರು ತೆಗೆದುಕೊಳ್ಳಲು ಕೂತವರು ಪ್ಯಾಕೆಟ್ಟನ್ನು ಅಲ್ಲಿಯೇ ಮರೆತು, ಜೀವವನ್ನು ಮಾತ್ರ ಹೊತ್ತುಕೊಂಡು ಬಂದಿದ್ದರು.

ಅಷ್ಟರಲ್ಲಿ ಎರಡನೇ ಮಹಡಿಯ ಡ್ರಿಲ್ ಮೇಷ್ಟ್ರು ಎರಡೆರಡು ಮೆಟ್ಟಿಲು ಹಾರುತ್ತ, ಅದೇ ಪ್ಯಾಕೆಟ್ ಹಿಡಿದುಕೊಂಡು ಬಂದರು. ಇಬ್ಬರು ಮೇಷ್ಟ್ರುಗಳೂ ಒಂದೇ ಶಾಲೆಯವರು. ಡ್ರಿಲ್ ಮೇಷ್ಟ್ರು ದಿನವೂ ಬೆಳಗಿನ ಜಾವ ಐದಕ್ಕೆ ಸುತ್ತಲಿನ ಮನೆಗಳವರನ್ನೆಲ್ಲ ಎಬ್ಬಿಸಿ ಓಡಿಸುತ್ತಿದ್ದರು. ಅವರ ರಿಜಿಸ್ಟರಿನಲ್ಲಿ ಒಮ್ಮೆ ಹೆಸರು ಬಿದ್ದರೆ ಬಿಡುಗಡೆ ಕಷ್ಟ. ಏಳದವರ ಮನೆ ಬಾಗಿಲಲ್ಲಿ ನಿಂತು ಅವರು ಸೀಟಿ ಊದುತ್ತಾರೆ, ಅಕ್ಕಪಕ್ಕದವರೇ ಬಂದು ಏಳಿಸುತ್ತಾರೆ.

"ಮೇಷ್ಟ್ರೇ, ನಾಲ್ಕು ಮಹಡಿಗೆ ಈ ಪಾಟಿ ಏದುಸಿರಾ? ನಾಳೆಯಿಂದ ನಮ್ಮ ಜೊತೆ ಬನ್ನಿ."

"ಬರ್ತಾರೆ," ಎಂದಳು ಹೆಂಡತಿ. ಮೇಷ್ಟ್ರಿಗೆ ಆಗಲೂ ಉಸಿರು ಮರಳಿರಲಿಲ್ಲವಾದ್ದರಿಂದ ಮೌನಂ ಸಮ್ಮತಿ ಲಕ್ಷಣಂ ಎಂದಾಯಿತು.

ಇಲ್ಲಿ ಮೇಷ್ಟ್ರ ನಿದ್ದೆಯ ಬಗ್ಗೆ ಎರಡು ಮಾತು ಹೇಳಲೇಬೇಕು. ಅವರಿಗೆ ಊಟದ ಚಪಲವಿಲ್ಲ, ಇಸ್ಪೀಟಿಲ್ಲ, ಸಿಗರೇಟಿಲ್ಲ. ಇರುವುದು ಒಂದೇ ಸುಖ, ಬೆಳಗಿನ ಐದರಿಂದ ಏಳರವರೆಗಿನ ನಿದ್ದೆ. ಆ ಎರಡು ಗಂಟೆ ತಾವು ಯಾರಿಗೂ ಕೆಡುಕು ಮಾಡುವುದಿಲ್ಲ, ಯಾರಿಗೂ ಪಾಠವನ್ನೂ ಮಾಡುವುದಿಲ್ಲ ಎಂದು ಅವರೇ ಹೇಳಿಕೊಳ್ಳುತ್ತಿದ್ದರು. ಆ ನಿದ್ದೆಗೇ ಈಗ ಸಂಚಕಾರ ಬಂದಿತ್ತು. ಉಸಿರು ಮರಳಿದ ಕೂಡಲೇ ಮೇಷ್ಟ್ರು ತಮ್ಮ ಬಳಿಯಿದ್ದ ಏಕೈಕ ಆಯುಧವನ್ನು ಹೊರತೆಗೆದರು.

"ಏದುಸಿರು ಬರೋದು ತಪ್ಪಲ್ಲ," ಎಂದರು. "ಎಷ್ಟು ಬೇಗ ಇಳಿಯುತ್ತೆ ಅನ್ನೋದು ಮುಖ್ಯ. ಅದಕ್ಕೆ ಗಣಿತದಲ್ಲಿ ಒಂದು ಫಲನ ಇದೆ, ಫಂಕ್ಷನ್ ಅಂತಾರಲ್ಲ."

"ಏನಿದೆ?" ಎಂದರು ಒಳಗಿಂದ ಬಂದ ಅತ್ತೆ. ಎಪ್ಪತ್ತಮೂರರ ಈ ಹಿರಿಯ ಜೀವ ಮಗಳ ಮನೆಯಲ್ಲೇ ಇದ್ದು, ಅಳಿಯನ ಮಾತನ್ನು ಪೂರ್ತಿ ಕೇಳಿ ಆಮೇಲೆ ನಂಬದಿರುವುದನ್ನು ರೂಢಿ ಮಾಡಿಕೊಂಡಿತ್ತು.

ಮೇಷ್ಟ್ರು ಗ್ರಾಫ್ ಹಾಳೆ ತಂದು ಊಟದ ಮೇಜಿನ ಮೇಲೆ ಹರಡಿದರು. "ನೋಡಿ, ಸುಮ್ಮನೆ ಕೂತಾಗ ನನ್ನ ನಾಡಿ ಎಪ್ಪತ್ತೆರಡು. ಮೆಟ್ಟಿಲು ಹತ್ತಿದಾಗ ಏರುತ್ತೆ. ನಿಂತ ಕೂಡಲೇ ಬಿಸಿ ಕಾಫಿ ಆರೋ ಹಾಗೆ, ಮೊದಲು ದಡದಡ ಇಳಿಯುತ್ತೆ, ಆಮೇಲೆ ನಿಧಾನಕ್ಕೆ ಇಳಿಯುತ್ತೆ. ಹೆಚ್ಚಾಗಿರೋದು ನಿಮಿಷಕ್ಕೆ ಅರ್ಧದಷ್ಟು ಕಮ್ಮಿಯಾಗುತ್ತೆ ಅಂತ ಇಟ್ಕೊಳ್ಳಿ. ಹೀಗೊಂದು ಗೆರೆ ಬರುತ್ತೆ." ಅವರು ಎಳೆದ ಗೆರೆ ನಿಜಕ್ಕೂ ಸೊಗಸಾಗಿತ್ತು. ಹೆತ್ತವರಿಗೆ ಹೆಗ್ಗಣ ಮುದ್ದು ಎನ್ನುವಂತೆ ಅದನ್ನು ಒಂದು ಕ್ಷಣ ನೋಡಿಕೊಂಡು ನಿಂತರು.

"ಸರಿ," ಎಂದರು ಡ್ರಿಲ್ ಮೇಷ್ಟ್ರು. "ಅಳೆದು ತೋರಿಸಿ. ಹತ್ತಿ ಬಂದ ಮೂರನೇ ನಿಮಿಷಕ್ಕೆ ತೊಂಬತ್ತರ ಕೆಳಗೆ ಬಂದ್ರೆ ನಿಮ್ಮ ಸುದ್ದಿಗೇ ಬರಲ್ಲ. ಬರಲಿಲ್ಲ ಅಂದ್ರೆ ನಾಳೆ ಐದಕ್ಕೆ ಕೆಳಗಿರ್ಬೇಕು."

"ಕೆಳಗಿನ ಮನೆ ಸಿಸ್ಟರ್ ಹತ್ರ ಬೆರಳಿಗೆ ಸಿಕ್ಕಿಸೋ ಮಷೀನ್ ಇದೆ, ಕೇಳ್ಲಾ?" ಎಂದಳು ಹೆಂಡತಿ. ಸಿಸ್ಟರ್ ಆಗಲೇ ಆಸ್ಪತ್ರೆಗೆ ಡ್ಯೂಟಿಗೆ ಹೋಗಿದ್ದರು. ಮಷೀನ್ ಯಾಕೆ, ಎರಡು ಬೆರಳು, ಒಂದು ಗಡಿಯಾರ ಸಾಕು, ಹದಿನೈದು ಸೆಕೆಂಡು ಎಣಿಸಿ ನಾಲ್ಕರಿಂದ ಗುಣಿಸಿದರಾಯಿತು ಎಂದರು ಮೇಷ್ಟ್ರು. ಹೆಂಡತಿ ಗಡಿಯಾರ ಕೈಗೆತ್ತಿಕೊಂಡು, "ಹಾಗಿದ್ರೆ ಈಗಲೇ ಒಂದು ಸಲ ಇಳಿದು ಹತ್ತಿ ಬನ್ನಿ," ಎಂದಳು.

ಮೇಷ್ಟ್ರು ಇಳಿದರು. ಹತ್ತುವಾಗ ಎರಡನೇ ಮಹಡಿಯಲ್ಲಿ ಅವರಿಗೊಂದು ಉಪಾಯ ಹೊಳೆಯಿತು. ಇಲ್ಲೇ ಮೂಲೆಯಲ್ಲಿ ನಾಲ್ಕು ನಿಮಿಷ ನಿಂತು ನಾಡಿಯನ್ನು ಇಳಿಸಿಕೊಂಡು, ಆಮೇಲೆ ನಿಧಾನಕ್ಕೆ ಹತ್ತಿ ಹೋದರೆ ಯಾರಿಗೆ ಗೊತ್ತಾಗುತ್ತದೆ? ಪರೀಕ್ಷೆಯಲ್ಲಿ ಮಕ್ಕಳು ಮಾಡುವುದೂ ಇದನ್ನೇ ಎಂದು ನೆನಪಾಗಿ ಸ್ವಲ್ಪ ನಾಚಿಕೆಯಾಯಿತು, ಆದರೂ ಗೋಡೆಗೆ ಒರಗಿ ನಿಂತೇ ನಿಂತರು. ಆ ಗೋಡೆಯ ಪಕ್ಕದ್ದೇ ಡ್ರಿಲ್ ಮೇಷ್ಟ್ರ ಬಾಗಿಲು. ಅವರು ಸ್ನಾನಕ್ಕೆಂದು ಮನೆಗೆ ಇಳಿದು ಬಂದಿದ್ದರು.

"ಏನ್ ಮೇಷ್ಟ್ರೇ?" ಎಂದರು ಅವರು, ಅಷ್ಟೇ.

"ನಾನೇನೂ ಸುಧಾರಿಸಿಕೊಳ್ತಿಲ್ಲ," ಎಂದುಬಿಟ್ಟರು ಮೇಷ್ಟ್ರು. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ. ಇವರಿಗೆ ಯಾರೂ ಕಳ್ಳ ಎಂದೂ ಅಂದಿರಲಿಲ್ಲ.

ಸುದ್ದಿ ಮೇಲಿನವರೆಗೆ ಮುಟ್ಟಿತು. "ಸಂಜೆ ಆರು ಗಂಟೆಗೆ ನಾನೇ ಇವರ ಹಿಂದೆ ಹತ್ತುತ್ತೀನಿ," ಎಂದರು ಅತ್ತೆ. "ನಾಡೀನೂ ನಾನೇ ಎಣಿಸ್ತೀನಿ. ಅಳಿಯಂದಿರ ಮೇಲೆ ನನಗೆ ನಂಬಿಕೆ ಇದೆ, ಆದರೂ ಹಿಂದೆ ಇರ್ತೀನಿ."

ಶಾಲೆಗೆ ಹೋದ ಮೇಲೂ ಮೇಷ್ಟ್ರಿಗೆ ಅದೇ ಚಿಂತೆ. ಸಂಜೆಯ ಪರೀಕ್ಷೆಗೆ ಮೊದಲು ಒಮ್ಮೆ ಅಭ್ಯಾಸ ಮಾಡಿದರೆ ಒಳ್ಳೆಯದು. ಹನ್ನೆರಡನೇ ತರಗತಿಗೆ ಹೇಗೂ ಅದೇ ಅಧ್ಯಾಯ ನಡೆಯುತ್ತಿತ್ತು. ಮೇಷ್ಟ್ರು ಬಾಗಿಲು ಮುಚ್ಚಿ, "ಇವತ್ತು ಫಲನವನ್ನು ಜೀವಂತ ತೋರಿಸ್ತೀನಿ," ಎಂದು ಹೇಳಿ, ಕನ್ನಡಕ ತೆಗೆದಿಟ್ಟು, ಕರಿಹಲಗೆಯ ಮುಂದಿನ ಕಟ್ಟೆಯನ್ನು ಹತ್ತುವುದು ಇಳಿಯುವುದು ಶುರು ಮಾಡಿದರು. ಮಕ್ಕಳು ಒಟ್ಟಾಗಿ ಎಣಿಸತೊಡಗಿದರು. ಮೂವತ್ತಕ್ಕೆ ಮೇಷ್ಟ್ರ ಅಂಗಿ ಹೊರಗೆ ಬಂತು, ನಲವತ್ತಕ್ಕೆ ಜೇಬಿನಲ್ಲಿದ್ದ ಸೀಮೆಸುಣ್ಣಗಳೆಲ್ಲ ನೆಲಕ್ಕೆ ಬಿದ್ದವು, ಐವತ್ತಕ್ಕೆ ಅವರು ಮೇಜು ಹಿಡಿದು ನಿಂತರು.

ಮುಂದಿನ ಬೆಂಚಿನ ಹುಡುಗಿಯೊಬ್ಬಳು ನಾಡಿ ಹಿಡಿದು ಹೇಳಿದಳು, "ನೂರ ಐವತ್ತೆರಡು, ಸರ್." ಒಂದು ನಿಮಿಷಕ್ಕೆ ನೂರ ಹದಿನಾರು. ಮೇಷ್ಟ್ರ ಮುಖ ಅರಳಿತು. ಎರಡನೇ ಚುಕ್ಕೆ ಅವರ ಗೆರೆಯ ಪಕ್ಕದಲ್ಲೇ ಬಿದ್ದಿತ್ತು. ಮೂರನೇ ಚುಕ್ಕೆ ಇಡುವ ಹೊತ್ತಿಗೆ ಬಾಗಿಲು ತೆರೆದು ಹೆಡ್‌ಮಿಸ್ ಒಳಗೆ ಬಂದರು. ಅವರ ಕೋಣೆ ಸರಿಯಾಗಿ ಈ ತರಗತಿಯ ಕೆಳಗಿತ್ತು.

"ಮೇಲೆ ಯಾರೋ ಕಟ್ಟಡ ಒಡೀತಿದಾರೆ ಅಂದ್ಕೊಂಡೆ," ಎಂದರು ಅವರು. "ನೀವಾ?"

"ನೂರ ನಲವತ್ತೆಂಟು, ಸರ್," ಎಂದಳು ನಾಡಿ ಹಿಡಿದ ಹುಡುಗಿ.

"ಸರ್, ಗೆರೆ ಮೇಲಕ್ಕೆ ಹೋಯ್ತು," ಎಂದಿತು ಇನ್ನೊಂದು ದನಿ.

"ಅದು ಹೊರಗಿನ ಕಾರಣ. ಲೆಕ್ಕಕ್ಕೆ ಬರೋಲ್ಲ."

ಹಿಂದಿನ ಬೆಂಚಿನಿಂದ ವಿನಯವಾದ ಪ್ರಶ್ನೆಯೊಂದು ಬಂತು. "ಸರ್, ಹೆಡ್‌ಮಿಸ್ ಅವರನ್ನ ಸೂತ್ರದಲ್ಲಿ ಯಾವ ಅಕ್ಷರದಿಂದ ಗುರುತಿಸ್ಬೇಕು?"

ನಾಡಿ ನೂರ ಅರವತ್ತು ಮುಟ್ಟಿತು. ಮೇಷ್ಟ್ರು ಪಾಠ ನಿಲ್ಲಿಸಿದರು.

ಅಲ್ಲಿಂದ ಸ್ಟಾಫ್ ರೂಮಿಗೆ ಸುದ್ದಿ ಹೋಗುವಷ್ಟರಲ್ಲಿ ಇಲಿ ಹುಲಿಯಾಗಿತ್ತು. ಮೇಷ್ಟ್ರು ಪಾಠ ಮಾಡುತ್ತ ಎದೆ ಹಿಡಿದುಕೊಂಡರಂತೆ ಎಂದರು ಒಬ್ಬರು. ಮಕ್ಕಳು ನಾಡಿ ನೋಡಿ ಬದುಕಿಸಿದರಂತೆ ಎಂದರು ಇನ್ನೊಬ್ಬರು. ರಸಾಯನಶಾಸ್ತ್ರದವರು ಬಂದು ಕುರ್ಚಿ ಎಳೆದುಕೊಟ್ಟರು. ಭಾಷಾ ಪಾಠದವರು ಕೈ ಹಿಡಿದು ಮೆಲ್ಲನೆ, "ನಿಮ್ಮ ಗುರುವಾರದ ಕೊನೇ ಪೀರಿಯಡ್ ಯಾರಿಗೆ ಕೊಡ್ತಾರೋ," ಎಂದು ಕೇಳಿದರು. ಮೇಷ್ಟ್ರು ಎಲ್ಲರಿಗೂ ನಾನು ಚೆನ್ನಾಗಿದ್ದೇನೆ ಎಂದು ಹೇಳುತ್ತ ಹೇಳುತ್ತ, ಮಧ್ಯಾಹ್ನದ ಹೊತ್ತಿಗೆ ತಮಗೇ ಸ್ವಲ್ಪ ಅನುಮಾನ ಬಂದು ಒಂದು ಮೂಲೆಯಲ್ಲಿ ಕೂತು ಗುಟ್ಟಾಗಿ ನಾಡಿ ಹಿಡಿದು ನೋಡಿಕೊಂಡರು. ಏನೂ ಮಾಡದೆ ಕೂತಿದ್ದರೂ ಅದು ತೊಂಬತ್ತಾರು ಇತ್ತು. ಎಪ್ಪತ್ತೆರಡು ಎಂದು ಬೆಳಿಗ್ಗೆ ಹೇಳಿದ್ದು ಯಾವ ಕಾಲದ ಲೆಕ್ಕ ಎಂದು ಯೋಚಿಸಿದರು. ತಮ್ಮ ಮದುವೆಗೆ ಮುಂಚಿನದು ಎಂದು ನೆನಪಾಯಿತು.

ಸಂಜೆ ಆರಕ್ಕೆ ಮೆಟ್ಟಿಲ ಬುಡದಲ್ಲಿ ಎಲ್ಲ ಸಿದ್ಧವಾಗಿತ್ತು. ಮೇಲೆ ನಾಲ್ಕನೇ ಮಹಡಿಯಲ್ಲಿ ಹೆಂಡತಿ ಗಡಿಯಾರ ಹಿಡಿದು, ಡ್ರಿಲ್ ಮೇಷ್ಟ್ರು ರಿಜಿಸ್ಟರ್ ಹಿಡಿದು ಕಾಯುತ್ತಿದ್ದರು. ಕೆಳಗೆ ಮೇಷ್ಟ್ರು ಒಂದೇ ಮನಸ್ಸಿನಿಂದ ತಮ್ಮ ನಿದ್ದೆಯನ್ನು ನೆನೆದು ಮೊದಲ ಮೆಟ್ಟಿಲ ಮೇಲೆ ಕಾಲಿಟ್ಟರು. ಹಿಂದೆ ಅತ್ತೆ, ಕೈಯಲ್ಲಿ ಕೊಡೆ. ಮೇಷ್ಟ್ರು ಎಲ್ಲಿ ನಿಧಾನ ಮಾಡಿದರೂ ಕೊಡೆಯ ತುದಿ ಅವರ ಬೆನ್ನನ್ನು ಮುಟ್ಟಿ ವಿಚಾರಿಸುತ್ತಿತ್ತು.

"ಹತ್ತಿ, ಹತ್ತಿ. ನಾನೂ ಬರ್ತಾ ಇದೀನಲ್ಲ."

ಮೇಲೆ ಬಂದು ಕುರ್ಚಿಗೆ ಬಿದ್ದಾಗ ಮೇಷ್ಟ್ರಿಗೆ ಗೋಡೆ, ಗಡಿಯಾರ, ಹೆಂಡತಿ ಎಲ್ಲ ಒಂದೇ ಆಗಿ ಕಾಣುತ್ತಿದ್ದವು. ಅತ್ತೆ ಪಕ್ಕದಲ್ಲಿ ಕೂತು ಅವರ ಮಣಿಕಟ್ಟನ್ನು ಹೆಬ್ಬೆರಳಿನಿಂದ ಒತ್ತಿ ಹಿಡಿದು, ಕಣ್ಣು ಮುಚ್ಚಿ, ತುಟಿ ಅಲ್ಲಾಡಿಸುತ್ತ ಎಣಿಸಿದರು.

"ಮೂವತ್ತನಾಲ್ಕು."

"ನಾಲ್ಕರಿಂದ ಗುಣಿಸಿದ್ರೆ ನೂರ ಮೂವತ್ತಾರು," ಎಂದು ಡ್ರಿಲ್ ಮೇಷ್ಟ್ರು ಬರೆದುಕೊಂಡರು. ಒಂದು ನಿಮಿಷಕ್ಕೆ ನೂರ ನಾಲ್ಕು. ಎರಡನೆಯದಕ್ಕೆ ಎಂಬತ್ತೆಂಟು. ಮೂರನೇ ನಿಮಿಷಕ್ಕೆ ಎಂಬತ್ತು. ನಾಲ್ಕನೆಯದಕ್ಕೆ ಎಪ್ಪತ್ತಾರು.

ಮೇಷ್ಟ್ರು ಇನ್ನೂ ಏದುಸಿರು ಬಿಡುತ್ತಲೇ ಗ್ರಾಫ್ ಹಾಳೆ ಕಿತ್ತುಕೊಂಡು ಚುಕ್ಕೆ ಇಟ್ಟರು. ಎಪ್ಪತ್ತೆರಡು ಕಳೆದರೆ ಅರವತ್ತನಾಲ್ಕು, ಮೂವತ್ತೆರಡು, ಹದಿನಾರು, ಎಂಟು, ನಾಲ್ಕು. ನಿಮಿಷಕ್ಕೆ ಸರಿಯಾಗಿ ಅರ್ಧ. ಒಂದು ಚುಕ್ಕೆಯಾದರೂ ಗೆರೆಯಿಂದ ಕೂದಲೆಳೆಯಷ್ಟು ಸರಿದಿರಲಿಲ್ಲ. ಇಪ್ಪತ್ತೇಳು ವರ್ಷ ಹಲಗೆಯ ಮೇಲೆ ಬರೆದಿದ್ದ ಫಲನ ತಮ್ಮದೇ ಎದೆಯಲ್ಲಿ ಬಡಿಯುತ್ತಿದೆ ಎಂದು ತಿಳಿದು ಮೇಷ್ಟ್ರ ಕಣ್ಣು ತುಂಬಿತು. ಅಂಥ ಸಂತೋಷ ಅವರಿಗೆ ಮಗಳು ಹುಟ್ಟಿದಾಗಲೂ ಆಗಿರಲಿಲ್ಲ, ಆದರೆ ಅದನ್ನು ಅವರು ಮನೆಯಲ್ಲಿ ಹೇಳುವ ಹಾಗಿರಲಿಲ್ಲ.

"ನೋಡಿದ್ರಾ? ಮೂರು ನಿಮಿಷಕ್ಕೆ ಎಂಬತ್ತು. ನಾಳೆ ನಾನು ಏಳು ಗಂಟೆಗೆ ಏಳ್ತೀನಿ."

ಡ್ರಿಲ್ ಮೇಷ್ಟ್ರು ಹಾಳೆಯನ್ನು ಎರಡು ಸಲ ನೋಡಿ, ಎದ್ದು ಬಂದು, ಮೇಷ್ಟ್ರ ಎರಡೂ ಕೈಗಳನ್ನು ಹಿಡಿದುಕೊಂಡರು. "ಮೇಷ್ಟ್ರೇ, ನನ್ನನ್ನು ಕ್ಷಮಿಸಿ. ಹದಿನೆಂಟು ವರ್ಷದಿಂದ ಜನರನ್ನ ಓಡಿಸ್ತಿದೀನಿ, ಇಂಥ ಹೃದಯ ನೋಡಿಲ್ಲ. ಇದು ಓಟಗಾರನ ಹೃದಯ. ನೀವು ನಮ್ಮ ಬಳಗದಲ್ಲಿ ಇರಬೇಕಾದೋರೇ ಅಲ್ಲ."

"ಅದನ್ನೇ ನಾನು ಹೇಳ್ತಿದ್ದೆ."

"ನೀವು ಇರಬೇಕಾದ್ದು ತಂಡದಲ್ಲಿ. ಇನ್ನು ಎರಡು ವಾರಕ್ಕೆ ಶಿಕ್ಷಕರ ಹತ್ತು ಕಿಲೋಮೀಟರ್ ಓಟ ಇದೆ. ನಮ್ಮ ಶಾಲೆಗೆ ಒಬ್ರು ಕಮ್ಮಿ ಇದ್ರು. ಹೆಡ್‌ಮಿಸ್‌ಗೆ ಈಗಲೇ ಫೋನ್ ಮಾಡ್ತೀನಿ. ತಂಡದೋರಿಗೆ ಅಭ್ಯಾಸ ಬೆಳಗಿನ ಜಾವ ನಾಲ್ಕಕ್ಕೆ." ಹೇಳುತ್ತಲೇ ರಿಜಿಸ್ಟರಿನಲ್ಲಿ ಮೇಷ್ಟ್ರ ಹೆಸರು ಇಂಕಿನಲ್ಲಿ ಬಿತ್ತು.

ಬಾಣಲೆಯಿಂದ ಬೆಂಕಿಗೆ ಬಿದ್ದಂತಾಯಿತು ಮೇಷ್ಟ್ರ ಪಾಡು. ಐದರ ಓಟ ತಪ್ಪಿಸಿಕೊಳ್ಳಲು ದಿನವಿಡೀ ಹೆಣಗಾಡಿ ನಾಲ್ಕರ ಓಟ ಗಳಿಸಿದ್ದರು. ಹೆಂಡತಿ ಹೆಮ್ಮೆಯಿಂದ ನೋಡುತ್ತಿದ್ದಳು. ಮದುವೆಯಾದ ಮೇಲೆ ಆ ನೋಟ ಅವರಿಗೆ ಸಿಕ್ಕಿದ್ದು ಇದು ಎರಡನೇ ಸಲ. ಇಂಥ ಹೊತ್ತಿನಲ್ಲಿ ಅದು ಸಿಗಬೇಕೇ ಎಂದು ಅವರಿಗೆ ಬೇಸರವಾಯಿತು.

ಫೋನ್ ಹಚ್ಚುವ ಮೊದಲೇ ಬಾಗಿಲಲ್ಲಿ ಸಿಸ್ಟರ್ ಕಾಣಿಸಿಕೊಂಡರು. ಡ್ಯೂಟಿ ಮುಗಿಸಿ ಬಂದವರಿಗೆ ಕೆಳಗೆ ಯಾರೋ ಮೇಷ್ಟ್ರಿಗೆ ಎದೆನೋವಂತೆ ಎಂದಿದ್ದರು. ಅವರು ಗ್ರಾಫ್ ನೋಡಿದರು, ಮೇಷ್ಟ್ರ ಮುಖ ನೋಡಿದರು. ಮುಖ ಇನ್ನೂ ಟೊಮೆಟೊ ಬಣ್ಣದಲ್ಲೇ ಇತ್ತು.

"ಎಪ್ಪತ್ತಾರು ಇರೋ ಮುಖ ಅಲ್ಲ ಇದು," ಎಂದರು. "ಯಾರು ಎಣಿಸಿದ್ದು?"

"ನಾನು," ಎಂದರು ಅತ್ತೆ.

"ಹೇಗೆ ಹಿಡಿದಿದ್ರಿ, ತೋರಿಸಿ ಅಮ್ಮ."

ಅತ್ತೆ ಮತ್ತೆ ಅಳಿಯನ ಮಣಿಕಟ್ಟಿನ ಮೇಲೆ ಹೆಬ್ಬೆರಳು ಒತ್ತಿದರು. ಸಿಸ್ಟರ್ ನಕ್ಕುಬಿಟ್ಟರು. "ಹೆಬ್ಬೆರಳಲ್ಲಿ ನಾಡಿ ನೋಡಬಾರ್ದು ಅಮ್ಮ. ಹೆಬ್ಬೆರಳಿಗೇ ಜೋರಾದ ನಾಡಿ ಇರುತ್ತೆ. ನೀವು ಎಣಿಸಿದ್ದು ಇವರದ್ದಲ್ಲ, ನಿಮ್ಮದೇ."

ಅತ್ತೆ ತಮ್ಮ ಹೆಬ್ಬೆರಳನ್ನು ಹೊಸದಾಗಿ ಬೆಳೆದದ್ದೇನೋ ಎನ್ನುವಂತೆ ನೋಡಿಕೊಂಡರು. ಅವರೂ ನಾಲ್ಕು ಮಹಡಿ ಹತ್ತಿ ಬಂದಿದ್ದರು, ಅದೂ ಕೊಡೆ ಹಿಡಿದು, ಮಾತಾಡುತ್ತ. ಲಿಫ್ಟನ್ನು ನಂಬದ ಅವರು ಈ ಮನೆಗೆ ಬಂದ ಒಂಬತ್ತು ವರ್ಷದಲ್ಲಿ ಒಮ್ಮೆಯೂ ಅದರೊಳಗೆ ಕಾಲಿಟ್ಟಿರಲಿಲ್ಲ.

ಮೇಷ್ಟ್ರಿಗೆ ಮೊದಲು ಅವಮಾನವಾಯಿತು. ಉತ್ತರ ಇಷ್ಟು ಅಂದವಾಗಿದ್ದರೆ ಅದು ಪಕ್ಕದವರದ್ದನ್ನು ನೋಡಿ ಬರೆದದ್ದೇ ಎಂದು ಮಕ್ಕಳಿಗೆ ಎಷ್ಟು ಸಲ ಹೇಳಿದ್ದರೋ. ತಾವೇ ಅತ್ತೆಯ ಹೃದಯವನ್ನು ನಕಲು ಮಾಡಿದ್ದು ಮಾತ್ರ ಆಗ ಹೊಳೆದಿರಲಿಲ್ಲ. ಆಮೇಲೆ ರಿಜಿಸ್ಟರಿನ ಕಡೆ ಕಣ್ಣು ಹೋಯಿತು, ಅವಮಾನ ಮರೆತು ಎದ್ದು ನಿಂತರು.

"ಹಾಗಿದ್ರೆ ಇದು ನನ್ನ ಹೃದಯ ಅಲ್ಲ," ಎಂದರು. "ತರಗತೀಲಿ ನನ್ನದು ನೂರ ಐವತ್ತೆರಡಕ್ಕೆ ಹೋಗಿತ್ತು, ಇಲ್ಲಿ ನೂರ ಮೂವತ್ತಾರು. ನನ್ನದು ಯಾವ ಗೆರೆಯಲ್ಲೂ ಕೂರಲ್ಲ. ಬೇಕಾದ್ರೆ ಮಕ್ಕಳನ್ನ ಕೇಳಿ. ಹೆಡ್‌ಮಿಸ್‌ನ ಕೇಳಿ." ಬೆಳಗಿನಿಂದ ತಮ್ಮ ಹೃದಯ ಒಳ್ಳೆಯದೆಂದು ವಾದಿಸಿದ್ದ ಮನುಷ್ಯ ಈಗ ಅದಕ್ಕಿಂತ ಹೆಚ್ಚಿನ ಹುರುಪಿನಿಂದ ಅದು ಕೆಟ್ಟದ್ದೆಂದು ಸಾಧಿಸಿದರು. ಡ್ರಿಲ್ ಮೇಷ್ಟ್ರು ಅಷ್ಟು ದುಃಖದಿಂದ ಯಾರ ಹೆಸರನ್ನೂ ಹೊಡೆದುಹಾಕಿರಲಿಲ್ಲ.

ಹತ್ತು ಕಿಲೋಮೀಟರ್ ತಪ್ಪಿತು ಎಂದು ಮೇಷ್ಟ್ರು ಕೂತರು. ಸಿಸ್ಟರ್ ಎರಡು ಬೆರಳಿಟ್ಟು ಅವರ ನಾಡಿಯನ್ನು ಪೂರ್ತಿ ಒಂದು ನಿಮಿಷ ಎಣಿಸಿದರು. "ಹತ್ತಿ ಬಂದು ಎಷ್ಟು ಹೊತ್ತಾಯ್ತು?"

"ಕಾಲು ಗಂಟೆ," ಎಂದಳು ಹೆಂಡತಿ.

"ಇನ್ನೂ ನೂರ ನಾಲ್ಕು ಇದೆ. ಭಯಪಡೋ ಅಂಥದ್ದೇನಿಲ್ಲ, ಒಂದ್ಸಲ ಡಾಕ್ಟರಿಗೆ ತೋರಿಸಿ, ಆಮೇಲೆ ದಿನಾ ನಡೀಬೇಕು, ಓಡಬೇಕು."

ಹೆಂಡತಿಯ ಹೆಮ್ಮೆಯ ನೋಟ ಬಂದ ದಾರಿಯಲ್ಲೇ ಹಿಂದಿರುಗಿತು. ಡ್ರಿಲ್ ಮೇಷ್ಟ್ರು ರಿಜಿಸ್ಟರಿನ ಬೇರೆ ಪುಟ ತಿರುಗಿಸಿದರು. "ಮಾತು ಅಂದ್ರೆ ಮಾತು. ಡಾಕ್ಟರ್ ಸರಿ ಅಂದ ಮಾರನೇ ದಿನ, ಐದಕ್ಕೆ."

"ನಾನೂ ಬರ್ತೀನಿ," ಎಂದರು ಅತ್ತೆ. "ಇಂಥ ಹೃದಯ ಇಟ್ಕೊಂಡು ಸುಮ್ನೆ ಮನೇಲಿ ಕೂತಿದ್ದೆ. ಅಳಿಯಂದಿರ ಹಿಂದೆ ನಾನೇ ಇರ್ತೀನಿ."

ಮೇಷ್ಟ್ರು ಕೊನೆಯ ದಾರಿ ಹಿಡಿದರು. ಶಿಕ್ಷೆಯಾದರೆ ಅವಧಿಯಾದರೂ ಗೊತ್ತಿರಬೇಕು. "ಎಷ್ಟು ದಿನ?" ಎಂದು ಕೇಳಿದರು.

"ನೂರ ನಾಲ್ಕರಿಂದ ಎಪ್ಪತ್ತೆರಡಕ್ಕೆ ಬರೋ ತನಕ," ಎಂದರು ಡ್ರಿಲ್ ಮೇಷ್ಟ್ರು. "ನಿಮಗೆ ಮೂವತ್ತೆರಡು ಜಾಸ್ತಿ ಇದೆ. ನನ್ನ ಅನುಭವದಲ್ಲಿ ಜಾಸ್ತಿ ಇರೋದು ತಿಂಗಳಿಗೆ ಅರ್ಧ ಇಳಿಯುತ್ತೆ. ಪೂರ್ತಿ ಸೊನ್ನೆ ಆದ ದಿನ ನಿಮ್ಮ ಹೆಸರು ತೆಗೀತೀನಿ."

"ಯಾವತ್ತು ಅಂತ ನೀವೇ ನಿಮ್ಮ ಫಲನ ಹಾಕಿ ಹೇಳಿ," ಎಂದಳು ಹೆಂಡತಿ. "ಅಲ್ಲೀತನಕ ಒಂದು ದಿನವೂ ತಪ್ಪಿಸೋ ಹಾಗಿಲ್ಲ."

"ಒಪ್ಪಿದೆ," ಎಂದರು ಮೇಷ್ಟ್ರು ಕೂಡಲೇ. ದಿನವೆಲ್ಲ ತಮ್ಮ ಕೈ ಮೀರಿ ಹೋಗಿದ್ದ ಲೋಕ ಕೊನೆಗೂ ಒಂದು ಲೆಕ್ಕದ ರೂಪದಲ್ಲಿ ಎದುರು ಬಂದು ನಿಂತಿತ್ತು. ಪೆನ್ಸಿಲ್ ಹಿಡಿದು ಜೋರಾಗಿ ಹೇಳುತ್ತ ಬರೆದರು. ಮೂವತ್ತೆರಡು, ಹದಿನಾರು, ಎಂಟು, ನಾಲ್ಕು, ಎರಡು, ಒಂದು, ಅರ್ಧ, ಕಾಲು, ಅರೆಕಾಲು. ಬರೆಯುತ್ತ ಬರೆಯುತ್ತ ಅವರಿಗೆ ಎದುರಿಗಿದ್ದವರು ಮಕ್ಕಳಾಗಿ ಕಂಡರು, ದನಿಗೆ ತರಗತಿಯ ಉತ್ಸಾಹ ಬಂತು.

"ಯಾವತ್ತಿಗೆ ಸೊನ್ನೆ ಆಗುತ್ತೆ?" ಎಂದಳು ಹೆಂಡತಿ.

"ಆಗಲ್ಲ," ಎಂದರು ಮೇಷ್ಟ್ರು ಹೆಮ್ಮೆಯಿಂದ. "ಈ ಫಲನದ ಸೊಗಸೇ ಅದು. ಇಳೀತಾನೇ ಇರುತ್ತೆ, ಸೊನ್ನೆಯ ಹತ್ತಿರ ಹತ್ತಿರ ಹೋಗ್ತಾನೇ ಇರುತ್ತೆ, ಆದರೆ ಎಷ್ಟು ವರ್ಷ ಹೋದ್ರೂ ಅದನ್ನ ಮುಟ್ಟಲ್ಲ."

ಇಪ್ಪತ್ತೇಳು ವರ್ಷದಿಂದ ಬಾಯಿಪಾಠವಾಗಿದ್ದ ಆ ವಾಕ್ಯ ಪೂರ್ತಿಯಾಗಿ ಹೊರಬಿದ್ದ ಮೇಲೆಯೇ ಅದು ಮೇಷ್ಟ್ರ ಕಿವಿಗೆ ಬಿದ್ದದ್ದು. ಪೆನ್ಸಿಲ್ ಅಲ್ಲಿಯೇ ನಿಂತಿತು. ಡ್ರಿಲ್ ಮೇಷ್ಟ್ರು ರಿಜಿಸ್ಟರಿನಲ್ಲಿ ಮುಗಿಯುವ ದಿನಾಂಕದ ಜಾಗದಲ್ಲಿ ಒಂದು ಅಡ್ಡಗೆರೆ ಎಳೆದರು.

"ಲೆಕ್ಕದಲ್ಲಿ ಅಳಿಯಂದಿರು ತಪ್ಪೋದಿಲ್ಲ, ಈ ಒಂದು ಮಾತು ನಾನೂ ನಂಬ್ತೀನಿ," ಎಂದ ಅತ್ತೆ, ಡಾಕ್ಟರು ಸರಿ ಅನ್ನುವುದನ್ನೂ ಕಾಯದೆ ಅಲಾರಂ ಗಡಿಯಾರದ ಮುಳ್ಳನ್ನು ನಾಲ್ಕೂವರೆಗೆ ತಿರುಗಿಸಿ, ಮೇಷ್ಟ್ರ ದಿಂಬಿನ ಪಕ್ಕ ಇಡಲು ಒಳಗೆ ಹೋದರು.